ಹುಲ್ಲುಗಾವಲಿನ ಕೊನೆಯ ರೀಲು

ಇದು ನಡೆದದ್ದು ನಿಜ. ಇದೇ ಕ್ರಮದಲ್ಲಿ ನಡೆಯಿತು ಎಂದು ಮಾತ್ರ ಆಣೆ ಇಡಲಾರೆ.

ತೊಂಬತ್ತರ ದಶಕದ ಕೊನೆ. ಚಳ್ಳಕೆರೆಯಿಂದ ಮೊಳಕಾಲ್ಮೂರಿನ ಕಡೆ ಹೋಗುವಾಗ ತಳಕು ದಾಟಿದ ಮೇಲೆ ಸಿಗುವ ಹುಲ್ಲುಗಾವಲು. ನಾನು ಸಿನಿಮಾಕ್ಕೆ ಶಬ್ದ ಹಿಡಿಯುವವನು. ನಿರ್ದೇಶಕ ಪ್ರಭಣ್ಣನವರದು ಬೇರೆಯೇ ಪದ್ಧತಿ. ಕ್ಯಾಮೆರಾ ನಿಲ್ಲಿಸಿ ಗಂಟೆಗಟ್ಟಲೆ ಸುಮ್ಮನೆ ಕೂರುತ್ತಿದ್ದರು.

"ಬಯಲು ನಮ್ಮನ್ನ ಮರೀಬೇಕು ಕಣೋ. ಆಮೇಲೇ ಶೂಟಿಂಗು."

ರೀಲು ಓಡತೊಡಗಿದರೆ ಯಾರೂ ಮಾತಾಡುವಂತಿಲ್ಲ, ಕ್ಯಾಮೆರಾದ ಮುಂದೆ ಸುಳಿಯುವಂತಿಲ್ಲ. ಏನೇ ಆದರೂ ಅವರು ನಡುವೆ ನಿಲ್ಲಿಸುತ್ತಿರಲಿಲ್ಲ.

ಅಂದು ಉಳಿದಿದ್ದದ್ದು ಒಂದೇ ರೀಲು. ಹುಲ್ಲಿನ ಮೇಲೆ ಕತ್ತಲು ಇಳಿಯುವುದೇ ಚಿತ್ರದ ಕೊನೆ. ಅದು ಕೆಟ್ಟರೆ ಅಷ್ಟು ದಿನದ ಕೆಲಸವೆಲ್ಲ ಮಣ್ಣುಪಾಲು.

ದೇವರ ಎತ್ತುಗಳನ್ನು ಕಾಯುವ ಕಿಲಾರಿ ಓಬಯ್ಯ ಬಂದು ನೋಡಿ ನಕ್ಕ. "ಏನೂ ಇಲ್ಲದ್ದನ್ನ ಹಿಡಿಯಾಕೆ ಇಷ್ಟು ದೊಡ್ಡ ಮಿಷನ್ನಾ ಸ್ವಾಮಿ? ನಮ್ಮ ಎತ್ತನ್ನಾದ್ರೂ ಹಿಡೀರಿ, ಚಂದ ಅದಾವೆ."

"ನೀವೂ ಚಂದ ಇದೀರಿ, ನೀವೇ ನಿಂತ್ಕಳ್ರಿ" ಎಂದರು ಪ್ರಭಣ್ಣ.

"ಒಂದು ಕರ ಬಂದಿಲ್ಲ. ಹುಡುಕ್ಕೊಂಡು ಬರ್ತೀನಿ" ಎಂದು ಬರಿಗಾಲಲ್ಲೇ ಹೊರಟುಹೋದ.

ರೀಲು ಓಡಿತು. ನನ್ನ ಮೈಕು ದೂರ ಹುಲ್ಲಿನ ನಡುವೆ ಇತ್ತು. ಹೆಡ್‌ಫೋನಿನಲ್ಲಿ ಗಾಳಿ... ಜೀರುಂಡೆ... ಆಮೇಲೆ ಜೀರುಂಡೆಗಳು ಒಮ್ಮೆಲೇ ನಿಂತವು.

"ಬರ್ರಪ್ಪೋ... ಕಚ್ಚೈತೆ... ಬರ್ರಪ್ಪೋ..."

ಓಬಯ್ಯನ ದನಿ. ಮೈಕಿನ ಪಕ್ಕದಲ್ಲೇ! ಹೆಡ್‌ಫೋನ್ ತೆಗೆದೆ. ಏನೂ ಇಲ್ಲ. ಪ್ರಭಣ್ಣ ಅಲುಗದೆ ಕೂತಿದ್ದರು. ಮತ್ತೆ ಹಾಕಿದೆ...

"ಬರ್ರಪ್ಪೋ..."

ಓಡಿದೆ. ಕ್ಯಾಮೆರಾದ ಮುಂದೆಯೇ.

ಅಲ್ಲಿ ಯಾರೂ ಇರಲಿಲ್ಲ. ಮೊಣಕಾಲುದ್ದದ ಹುಲ್ಲು, ಮನುಷ್ಯ ಅಡಗುವಷ್ಟಿಲ್ಲ. ಯಾರೋ ಮಲಗಿ ಎದ್ದುಹೋದಂತೆ ಒಂದು ಕಡೆ ಒರಗಿತ್ತು. ಬಗ್ಗಿ ಮುಟ್ಟಿದೆ. ಬೆಚ್ಚಗಿತ್ತು. ಹಸಿ ಬೆವರಿನ ವಾಸನೆ...

ತಿರುಗಿ, ಲೆನ್ಸನ್ನೇ ನೋಡುತ್ತ ನೇರವಾಗಿ ನಡೆದು ಬಂದೆ. ಕ್ಯಾಮೆರಾ ಇನ್ನೂ ಓಡುತ್ತಿತ್ತು. ಇದು ನನಗೆ ಚೆನ್ನಾಗಿ ನೆನಪಿದೆ. ಇಷ್ಟು ಚೆನ್ನಾಗಿ ನೆನಪಿರುವುದೇ ಈಗ ನನಗೆ ಅನುಮಾನ ಹುಟ್ಟಿಸುತ್ತದೆ.

ಓಬಯ್ಯ ನಮ್ಮ ಹಿಂದುಗಡೆ, ಎತ್ತುಗಳ ರೊಪ್ಪದ ಬೇಲಿಯ ಬಳಿ ಕರುವಿನ ಜೊತೆ ಕೂತಿದ್ದ. "ನನಗೇನಾಗೈತೆ? ಆಗ್ಲೇ ಸಿಕ್ತು ಇದು" ಎಂದ. ಆಮೇಲೆ ದನಿ ತಗ್ಗಿಸಿ, "ಯಾರು ಕರೆದ್ರು ಅಂದ್ರಿ?"

ಪ್ರಭಣ್ಣ ಬೈಯಲಿಲ್ಲ. ಬೈದಿದ್ದರೆ ಚೆನ್ನಾಗಿತ್ತು.

ಮದ್ರಾಸಿನ ಲ್ಯಾಬಿನಿಂದ ರೀಲು ತೊಳೆದು ಬಂತು. ನಾನು ಹಿಡಿದ ಶಬ್ದದ ಟೇಪಿನಲ್ಲಿ ಬರೀ ಗಾಳಿ. ಪರದೆಯ ಮೇಲೆ ನಾನು ಎಡಗಡೆಯಿಂದ ಓಡಿ ಬರುತ್ತೇನೆ. ಹುಲ್ಲಿಗೆ ಬಗ್ಗುತ್ತೇನೆ. ಮತ್ತೆ ಏಳುವುದಿಲ್ಲ. ನಿಧಾನವಾಗಿ ಕತ್ತಲಾಗುತ್ತದೆ. ರೀಲು ಮುಗಿಯುತ್ತದೆ.

"ನಾನು ವಾಪಸ್ ಬಂದ್ನಲ್ಲಣ್ಣ?"

"ಬಂದೆ. ನನ್ನ ಪಕ್ಕದಲ್ಲೇ ನಿಂತಿದ್ದೆ. ರೀಲು ಇನ್ನೂ ಓಡ್ತಿತ್ತು." ಮತ್ತೆ ಮತ್ತೆ ಹಾಕಿ ನೋಡಿದರು. ಕೊನೆಗೆ, "ಬಯಲು ಕೊಟ್ಟಿದ್ದು ಇದು. ಇದನ್ನೇ ಇಡ್ತೀನಿ" ಎಂದರು.

ಚಳ್ಳಕೆರೆಯಲ್ಲಿ ಚಿತ್ರ ತೋರಿಸಿದಾಗ ಹಿಂದಿನ ಸಾಲಿನಲ್ಲಿ ಕೂತಿದ್ದೆ. ದೀಪ ಹತ್ತಿದ ಮೇಲೆ ಮುಂದೆ ಕೂತಿದ್ದ ಅಜ್ಜಿಯೊಬ್ಬರು ಎದ್ದು ಕೇಳಿದರು.

"ಆ ಹುಡುಗನ್ನ ಅಲ್ಲೇ ಬಿಟ್ಟು ಬಂದ್ರೇನಪ್ಪಾ?"

ಪ್ರಭಣ್ಣ ನನ್ನ ಕಡೆ ನೋಡಿದರು. ಆ ಹುಡುಗ ನಾನೇ ಅಜ್ಜಿ, ಇಲ್ಲೇ ಇದೀನಿ ಎಂದು ಕೈ ಎತ್ತಬೇಕಿತ್ತು...

ಎತ್ತಲು ಧೈರ್ಯ ಬರಲಿಲ್ಲ.