ಮಿಠಾಯಿ ಪಾಕೀಟಿನ ಕಂದು ಗುರುತು

ಸಿಟ್ಟು ಇನ್ನೂ ಇಳದಿಲ್ಲ. ಇಳಿಸಿಕೊಳ್ಳೋ ಮನಸ್ಸೂ ನನಗಿಲ್ಲ.

ಬಸವನ ಬಾಗೇವಾಡಿಯೊಳಗ ನಮ್ಮ ಮನಿ ಗ್ವಾಡಿಗೆ ಹತ್ತಿ ಒಂದು ಮುಸಲ್ಮಾನರ ಮನಿ ಅದ. ಆ ಮನಿಯಾಕಿ ನನ್ನ ವಾರಿಗಿಯಾಕಿ, ನಾ ಮದುವ್ಯಾಗಿ ಬಂದಾಗಿಂದ ಗೆಳತಿ. ನಮ್ಮದು ವೈಷ್ಣವರ ಮನಿ, ಅತ್ತಿಯವರ ಮಡಿ ಭಾಳ ಕಟ್ಟುನಿಟ್ಟು. ಅದಕ್ಕಽ ರಮಜಾನ್ ಹಬ್ಬಕ್ಕ ಆಕಿ ನಮಗ ಸುರಕುಂಬಾ ಮಾಡಿ ಕಳಸಂಗಿಲ್ಲ. ಶಾವಗಿ, ಸಕ್ಕರಿ, ಗೋಡಂಬಿ ಹಂಗಽ ತಾಟಿನ್ಯಾಗ ಇಟ್ಟು ಕಳಸ್ತಾಳ, ನಮ್ಮ ಒಲಿ ಮ್ಯಾಲೆ ನಾವಽ ಮಾಡ್ಕೊಳ್ಳಲಿ ಅಂತ. ಒಂದು ವರ್ಷನೂ ಮಾರಿ ಸಣ್ಣದು ಮಾಡಿಲ್ಲ.

ಹೋದ ದೀಪಾವಳಿಗೆ ನಾದಿನಿ ಪುಣೆಯಿಂದ ಗಮ್ಮಿ ಮಿಠಾಯಿ ತಂದಳು. ಕೆಂಪು, ಹಸಿರು, ಹಳದಿ ಕರಡಿಗಳು. ನಾ ಒಂದು ಅಗದು, ರಬ್ಬರ್ ತಿಂದಂಗಾಗಿ, ಸಾಕಪ್ಪಾ ಅಂದೆ. ಅತ್ತಿಯವರಿಗೆ ಹಲ್ಲಿಲ್ಲ. ಬಾಯಾಗ ಇಟ್ಟರ ತಾನಽ ಕರಗತದ, ಹಣ್ಣಿನ ವಾಸನಿ ಬರತದ ಅಂತ ಅವರಿಗೆ ಎಲ್ಲಿಲ್ಲದ ಖುಷಿ. ಉಪ್ಪಿನಕಾಯಿ ಡಬ್ಬಿ ತಂದರ ಬೆಳ್ಳುಳ್ಳಿ ಅದ ಏನು ಅಂತ ಹತ್ತು ಸಲ ಓದಸೋರು, ಮಿಠಾಯಿ ಅಂದ ಕೂಡಲೆ ಹೊಳ್ಳಿಸಿ ಸುದ್ದಾ ನೋಡಲಿಲ್ಲ.

ಒಂದು ಮಧ್ಯಾಹ್ನ ಗೆಳತಿ ಸಣ್ಣ ಮಗಳನ್ನ ಕರಕೊಂಡು ಬಂದಳು. ಮಿಠಾಯಿ ಚೀಪಕೋತ ಕುಂತಿದ್ದ ಅತ್ತಿಯವರು ಹುಡುಗಿ ಕೈಗೆ ಎರಡು ಹಾಕಿದರು, ಮ್ಯಾಲಿಂದ, ಮುಟ್ಟಲಾರದಂಗ. ಗೆಳತಿ ಮೆಲ್ಲಕ ಕೇಳಿದಳು, "ಅವ್ವಾರ, ಇದು ಹಲಾಲ್ ಐತೇನ್ರಿ? ಒಂದೀಟು ಪಾಕೀಟು ನೋಡ್ಲೇನ್ರಿ?"

ಅಷ್ಟಕ್ಕಽ ಅತ್ತಿಯವರ ಮಾರಿ ಕೆಂಪಾತು. "ಮಿಠಾಯಿದಾಗೂ ನಿಮ್ಮ ಹಲಾಲ್ ತಂದ್ರ್ಯಾ? ಹಣ್ಣಿನ ರಸಾ ಅದು. ನಮ್ಮ ಮನ್ಯಾಗ ಏನು ಕುರಿ ಕಡೀತಾರಂತ ತಿಳದಿ?"

ಗೆಳತಿ ಪಾಕೀಟು ಹೊಳ್ಳಿಸಿ ನೋಡಿದಳು. ಮಗಳ ಕೈಯಾಗಿನ್ವು ತಗೊಂಡು ಸೆರಗಿನ್ಯಾಗ ಕಟ್ಟಿಕೊಂಡು, "ಮನಿಗೆ ಹೋಗಿ ತಿಂತಾಳ್ರಿ" ಅಂದಳು. ಬಾಗಲ ತನಕ ಹೋದ ನನಗ ಮಾತ್ರ ಕಿವಿಯಾಗ ಹೇಳಿದಳು, "ವೈನಿ, ಮಾಂಸಾಹಾರದ ಕಂದು ಗುರುತು ಐತ್ರಿ. ಒಳಗ ಜಿಲೆಟಿನ್ ಹಾಕ್ಯಾರ. ಅಂದ್ರ ದನದ್ದೋ ಹಂದೀದೋ ತೊಗಲು, ಎಲುಬು ಕುದಿಸಿ ತಗದ ಅಂಟು. ನಮಗೂ ನಡ್ಯಂಗಿಲ್ಲ, ನಿಮಗೂ ನಡ್ಯಂಗಿಲ್ಲ. ಅವ್ವಾರಿಗೆ ಹೇಳಬ್ಯಾಡ್ರಿ, ವಯಸ್ಸಾದ ಜೀವ, ಕೊರಗ್ತಾರ. ಪಾಕೀಟು ಮಾಯಾ ಮಾಡಿಬಿಡ್ರಿ."

ಬೈಸಿಕೊಂಡಾಕಿನೂ ಆಕಿನಽ, ಬೈದವರ ಚಿಂತಿ ಮಾಡಾಕಿನೂ ಆಕಿನಽ. ನನ್ನ ಮೈ ಉರೀತು. ನಾವು ಉಳ್ಳಾಗಡ್ಡಿ ಬಿಡ್ತೇವಿ, ಚಾತುರ್ಮಾಸದಾಗ ಕಾಯಿಪಲ್ಲೆ ಬಿಡ್ತೇವಿ, ಅದನ್ನೆಲ್ಲ ಊರು ಕೈಮುಗದು ನಡಸ್ಬೇಕು. ಆಕಿ ತನ್ನ ಮಗಳ ಸಲುವಾಗಿ ಒಂದು ಮಾತು ಕೇಳಿದ್ದು ಸೊಕ್ಕಾತು.

ಒಳಗ ಬಂದಾಕಿನಽ ಪಾಕೀಟು ಅತ್ತಿಯವರ ಕಣ್ಣ ಮುಂದ ಹಿಡದು ಎಲ್ಲಾ ಹೇಳಿಬಿಟ್ಟೆ. ಅವರು ಹಿತ್ತಲಕ್ಕ ಓಡಿದರು, ಬಾಯಿ ಮುಕ್ಕಳಿಸಿದರು, ತಲಿ ಮ್ಯಾಲೆ ನೀರು ಸುರುವಿಕೊಂಡರು, ಪಂಚಗವ್ಯ ತಗೊಂಡರು. ಪಾಪ ಅನಿಸ್ತು, ಖರೇ. ಈಗ ಆಕಿನ್ನ ಕರಿ ಅಂತಾರ, ಒಂದು ಛಲೋ ಮಾತು ಆಡ್ತಾರ ಅಂತ ಕಾದೆ.

ಒದ್ದಿ ಸೀರ್ಯಾಗಽ ಕುಂತು ಕೇಳಿದರು, "ನಾ ತಿಂದದ್ದು ಆಕಿಗೆ ಗೊತ್ತದ ಏನು?"

"ಗೊತ್ತದ್ರಿ. ನಿಮ್ಮ ಬಾಯಾಗಽ ಇತ್ತಲ್ಲ."

"ಹಂಗಾದ್ರ ಇನ್ನಮ್ಯಾಲೆ ಆಕಿನ್ನ ಮನಿಯೊಳಗ ಬಿಡಬ್ಯಾಡ" ಅಂದರು.