ನಾಲ್ಕು ತೂತಿನ ತಕರಾರು

ಪುತ್ತೂರಿನಲ್ಲಿ ಕಾರುಗಳನ್ನು ಬೆರಳಲ್ಲಿ ಎಣಿಸಬಹುದಾಗಿದ್ದ ಕಾಲದಲ್ಲೇ ನಮ್ಮ ಮನೆಯಲ್ಲೊಂದು ಕಾರಿತ್ತು ಎಂದರೆ, ಕೇಳಿದವರು ನನ್ನ ಕಡೆಗೆ ಕಣ್ಣರಳಿಸಿ ನೋಡುತ್ತಾರೆ. ಆ ಕಣ್ಣು ಮತ್ತೆ ಚಿಕ್ಕದಾಗಲು ಹೆಚ್ಚು ಹೊತ್ತು ಬೇಡ. ಕಾರು ನನ್ನದಲ್ಲ, ನನ್ನ ಹೆಂಡತಿಯದು. ಸುಗುಣ ಡಾಕ್ಟರು; ಊರಿಗೆಲ್ಲ ಡಾಕ್ಟ್ರಮ್ಮ. ಹೆರಿಗೆ ಮಾಡಿಸುವುದರಲ್ಲಿ ಅವಳದು ಒಳ್ಳೆಯ ಕೈ ಎಂದು ಸುಳ್ಯ, ಕಡಬದವರೆಗೂ ಹೆಸರಿತ್ತು. ನಾನು ಹೈಸ್ಕೂಲಿನಲ್ಲಿ ಚರಿತ್ರೆ ಕಲಿಸುವ ಮಾಸ್ತರ. ಅವಳಿಗೆ ಕಾರು ಬಿಡಲು ಬರುತ್ತಿತ್ತು, ನನಗೆ ಬರುತ್ತಿರಲಿಲ್ಲ, ಇವತ್ತಿಗೂ ಬರುವುದಿಲ್ಲ. ಹೀಗಾಗಿ ಆ ಕಾರಿನ ಸಂಸಾರದಲ್ಲಿ ನನ್ನ ಪಾಲಿಗೆ ಬಂದದ್ದು ಬಾಗಿಲು ಹಾಕುವುದು, ಗಾಜು ಒರೆಸುವುದು, ಕೊನೆಗೆ ಚಕ್ರ ಹುಡುಕುವುದು.

ಚಕ್ರದ ವಿಷಯ ನನಗೆ ಗೊತ್ತೇ ಇಲ್ಲವೆಂದು ತಿಳಿಯಬೇಡಿ. ವರ್ಷವರ್ಷವೂ ಅದಕ್ಕೊಂದು ಪಾಠ ಮೀಸಲಿತ್ತು. ಮನುಷ್ಯ ಚಕ್ರ ಕಂಡುಹಿಡಿದ, ಆಮೇಲೆ ನಾಗರಿಕತೆ ತಾನಾಗಿ ಉರುಳಿಕೊಂಡು ಬಂತು ಎಂದು ಹೇಳಿ ಸೀಮೆಸುಣ್ಣದ ಕೈ ಕೊಡವಿಕೊಳ್ಳುತ್ತಿದ್ದೆ. ಮೊದಲನೆಯ ಚಕ್ರ ಸವೆದ ಮೇಲೆ ಎರಡನೆಯದು ಅದೇ ಜಾಗದಲ್ಲಿ ಕೂರದೆ ಹೋದಾಗ ಆ ಪುಣ್ಯಾತ್ಮ ಎಂತ ಮಾಡಿದ ಎಂಬುದು ಮಾತ್ರ ಯಾವ ಪಠ್ಯಪುಸ್ತಕದಲ್ಲೂ ಇರಲಿಲ್ಲ. ಯಕ್ಷಗಾನದವರೇ ಜಾಣರು. ಅವರ ರಥಕ್ಕೆ ಚಕ್ರವೇ ಬೇಡ. ವೇಷಧಾರಿ ರಂಗಸ್ಥಳದಲ್ಲಿ ನಾಲ್ಕು ಸುತ್ತು ಕುಣಿದರೆ ಬೇಕಾದ ಊರು ಬಂದುಬಿಡುತ್ತದೆ.

ನಮ್ಮ ಕಾರನ್ನು ಸಂಪಾಜೆಯ ಕಡೆಯ ತೋಟದ ದೊರೆಯೊಬ್ಬರು ತಮ್ಮ ದೇಶಕ್ಕೆ ಹೊರಟಾಗ ಕೊಟ್ಟುಹೋಗಿದ್ದರು. ಪುಟ್ಟ ವಿಲಾಯಿತಿ ಕಾರು. ಇಬ್ಬರು ಕೂತರೆ ಆರಾಮ, ಮೂವರು ಕೂತರೆ ಸ್ನೇಹ, ನಾಲ್ವರು ಕೂತರೆ ಜಗಳ. ಎಂಜಿನ್ನು ಗಟ್ಟಿಯಾಗಿತ್ತು. ಆದರೆ ನಮ್ಮ ಕಡೆಯ ಆಗಿನ ರಸ್ತೆಗಳಲ್ಲಿ ಮಣ್ಣಿಗಿಂತ ಕಲ್ಲು ಹೆಚ್ಚು. ಓಡಿ ಓಡಿ ಚಕ್ರಗಳಲ್ಲಿ ನಟ್ಟು ಕೂರುವ ತೂತುಗಳ ಸುತ್ತ ಕೂದಲಿನಂಥ ಬಿರುಕು ಬಿಟ್ಟಿತು. ಬೆಸುಗೆ ಹಾಕಿಸಿದರೆ ಅದರ ಪಕ್ಕದಲ್ಲೇ ಇನ್ನೊಂದು ಬಿರುಕು. ಹೊಸ ಚಕ್ರ ತರಿಸೋಣವೆಂದರೆ ಆ ಜಾತಿಯ ಕಾರನ್ನು ಮಾಡುವುದನ್ನೇ ನಿಲ್ಲಿಸಿದ್ದಾರೆಂದು ಮಂಗಳೂರಿನ ಅಂಗಡಿಯವರು ಹೇಳಿದರು.

ಆಗ ರಂಗಕ್ಕೆ ಬಂದವನು ಲಾರೆನ್ಸ. ಬಸ್ ಸ್ಟ್ಯಾಂಡಿನ ಹಿಂದೆ ಅವನ ಗ್ಯಾರೇಜು. ಬಹಳ ಒಳ್ಳೆಯ ಮನುಷ್ಯ. ಇಲ್ಲ ಎಂಬ ಮಾತು ಅವನ ಬಾಯಿಂದ ಬಂದದ್ದನ್ನು ಕೇಳಿದವರಿಲ್ಲ. ಲಾರಿಯ ಬಿಡಿಭಾಗವನ್ನು ಜೀಪಿಗೆ, ಜೀಪಿನದನ್ನು ಅಕ್ಕಿ ಮಿಲ್ಲಿಗೆ ಹೊಂದಿಸಿ ಕೊಟ್ಟವನು. ಯಾವ ಚಕ್ರ ತೋರಿಸಿ ಇದು ಆದೀತೇ ಎಂದು ಕೇಳಿದರೂ ಅವನದು ಒಂದೇ ಉತ್ತರ: "ಆಗ್ತದೆ ಮಾಸ್ಟ್ರೆ."

ಮೊದಲು ಅವನೊಂದು ಹಳೆಯ ಚಕ್ರ ತಂದು ಮುಂದಕ್ಕೆ ಹಾಕಿದ. ಆಯಿತು ಕೂಡ, ಎಡಕ್ಕೆ ತಿರುಗುವಾಗ ಮಾತ್ರ. ಬಲಕ್ಕೆ ತಿರುಗಿಸಿದರೆ ಟಯರು ಮಡ್‌ಗಾರ್ಡಿನ ಒಳಮೈಗೆ ಉಜ್ಜಿ ಕಬ್ಬಿನ ಗಾಣದಂತೆ ಕಿರುಗುಟ್ಟುತ್ತಿತ್ತು. ಸುಗುಣ ಕೆಲವು ದಿನ ಎಡಕ್ಕೆ ಮಾತ್ರ ತಿರುಗುತ್ತ ಊರೆಲ್ಲ ಸುತ್ತಿ ಬಲಗಡೆಯಿದ್ದ ಆಸ್ಪತ್ರೆಯನ್ನು ತಲುಪುತ್ತಿದ್ದಳು. ಡಾಕ್ಟ್ರಮ್ಮ ಎಡಪಂಥಕ್ಕೆ ಸೇರಿದರೋ ಎಂದು ನಮ್ಮ ಸ್ಟಾಫ್ ರೂಮಿನಲ್ಲಿ ಕೇಳಿದವರುಂಟು.

ಜಾತಕ ನೋಡುವವರು ಹತ್ತು ಕೂಟ ನೋಡುತ್ತಾರಲ್ಲ, ಚಕ್ರಕ್ಕೂ ಹಾಗೆಯೇ ಎಂದು ಆಗ ನನಗೆ ತಿಳಿಯಿತು. ಸುತ್ತಳತೆ ಕೂಡಬೇಕು, ತೂತುಗಳ ಲೆಕ್ಕ ಕೂಡಬೇಕು, ಒಂದು ತೂತಿನಿಂದ ಎದುರು ತೂತಿಗೆ ಇರುವ ದೂರ ಕೂಡಬೇಕು. ಇಷ್ಟೆಲ್ಲ ಕೂಡಿಬಂದ ಮೇಲೂ ಚಕ್ರದ ಹೊಟ್ಟೆ ಎಷ್ಟು ಒಳಕ್ಕೆ ಹೋಗಿದೆ ಎಂಬುದೊಂದು ಬಾಕಿ ಇರುತ್ತದೆ. ನಮ್ಮದು ಈ ಹೊಟ್ಟೆಯಲ್ಲಿ ಕೆಟ್ಟ ಸಂಬಂಧ.

ಲಾರೆನ್ಸ ಎದೆಗುಂದಲಿಲ್ಲ. ಮಂಗಳೂರಿನ ಗುಜರಿಯಿಂದ ನಾಲ್ಕಕ್ಕೆ ನಾಲ್ಕೂ ಚಕ್ರ ಹುಡುಕಿಸಿ ತಂದ. ಈ ಸಲ ಹೊಟ್ಟೆಯೂ ಸರಿಯಿತ್ತು. ನೋಡಿದರೆ ನಮ್ಮ ಚಕ್ರಗಳ ಅವಳಿ ತಮ್ಮಂದಿರು. ಬೋಲ್ಟುಗಳ ಮೇಲೆ ಕೂರಿಸುವಾಗ ಮಾತ್ರ ಸುತ್ತಿಗೆಯಿಂದ ಒಂದೆರಡು ಪೆಟ್ಟು ಕೊಡಬೇಕಾಯಿತು. ಯಾಕೆಂದು ಕೇಳಿದೆ. ಹೊಸ ಮದುಮಗಳು, ಒಳಗೆ ಬರಲಿಕ್ಕೆ ಸ್ವಲ್ಪ ನಾಚಿಕೆ ಎಂದ. ಇಬ್ಬರೂ ನಕ್ಕೆವು. ಸುಗುಣ ನಗಲಿಲ್ಲ, ಆದರೆ ಅವಳಿಗೆ ರೋಗಿಗಳು ಕಾಯುತ್ತಿದ್ದರು.

ಒಂದು ಭಾನುವಾರ ಬೆಳಗ್ಗೆ ಕಡಬದ ಆಚೆಯ ಮನೆಯೊಂದರ ಆಳು ಮೊದಲ ಬಸ್ಸಿನಲ್ಲಿ ಬಂದು ಸುದ್ದಿಯನ್ನೂ ದಾರಿಯನ್ನೂ ಹೇಳಿ ಹೋದ. ಚೊಚ್ಚಲ ಹೆರಿಗೆ, ಹಿಂದಿನ ದಿನದಿಂದ ನೋವು, ಮಗು ಬರುತ್ತಿಲ್ಲ. ಶಾಲೆಗೆ ರಜೆಯಾದ್ದರಿಂದ ನಾನೂ ಕಾರು ಹತ್ತಿದೆ. ಕಡಬ ದಾಟುವವರೆಗೆ ಏನೂ ಇರಲಿಲ್ಲ. ಆಮೇಲೆ ಎಲ್ಲೋ ಒಂದು ಟಕ್ ಟಕ್ ಸದ್ದು ಕೇಳಿಸತೊಡಗಿತು. ನಾನದನ್ನು ಅವಳ ಔಷಧಿಪೆಟ್ಟಿಗೆಯ ಸದ್ದೆಂದುಕೊಂಡು ಪೆಟ್ಟಿಗೆಯನ್ನು ತೊಡೆಯ ಮೇಲಿಟ್ಟುಕೊಂಡೆ. ಸದ್ದು ನಿಲ್ಲಲಿಲ್ಲ. ಇಳಿಜಾರಿನಲ್ಲಿ ಸ್ಟಿಯರಿಂಗು ಜ್ವರ ಬಂದವರ ಹಾಗೆ ನಡುಗಿತು. ಅವಳು ನಿಧಾನವಾಗಿ ಕಾರನ್ನು ಗುಡ್ಡದ ಬದಿಯ ದರೆಗೆ ಒರಗಿಸಿ ನಿಲ್ಲಿಸಿದಳು. ರಸ್ತೆಯ ಇನ್ನೊಂದು ಬದಿಗೆ ಹೊಳೆ; ಮೇಲಿನಿಂದ ನೋಡಿದರೆ ನೀರು ಬಹಳ ಕೆಳಗಿತ್ತು.

ಇಳಿದು ನೋಡಿದರೆ ಎಡಗಡೆಯ ಮುಂದಿನ ಚಕ್ರದಲ್ಲಿ ಒಂದು ನಟ್ಟು ಇಲ್ಲವೇ ಇಲ್ಲ, ಉಳಿದವು ಕೈಯಲ್ಲೇ ತಿರುಗುತ್ತಿದ್ದವು. ದುಂಡಗಿದ್ದ ತೂತುಗಳು ಮೊಟ್ಟೆಯಾಕಾರಕ್ಕೆ ಬಂದಿದ್ದವು. ಸುಗುಣ ಚಕ್ರವನ್ನು ಒಮ್ಮೆ ನೋಡಿದಳು, ದಾರಿಯನ್ನು ಒಮ್ಮೆ ನೋಡಿದಳು. ಅಕ್ಕಿಮೂಟೆ ಹೇರಿದ ಎತ್ತಿನ ಗಾಡಿಯೊಂದು ಬರುತ್ತಿತ್ತು. ಅವಳು ಗಾಡಿಯವನಿಗೆ ಎರಡು ಮಾತು ಹೇಳಿ ಪೆಟ್ಟಿಗೆಯ ಸಮೇತ ಮೂಟೆಗಳ ಮೇಲೆ ಹತ್ತಿ ಕೂತಳು. "ನೀವು ಇಲ್ಲೇ ಇರಿ. ಕಾರಿಗೆ ಕೈ ಹಚ್ಚಬೇಡಿ," ಎಂದು ಹೇಳಿ ಹೊರಟೇಬಿಟ್ಟಳು.

ಎತ್ತಿನ ಗಾಡಿ ಎಷ್ಟು ನಿಧಾನ ಹೋಗುತ್ತದೆಂದು ತಿಳಿಯಬೇಕಾದರೆ ಅದರಲ್ಲಿ ಕೂರಬಾರದು, ಹಿಂದೆ ನಿಂತು ನೋಡಬೇಕು. ಅದು ತಿರುವಿನಲ್ಲಿ ಮರೆಯಾಗುವಷ್ಟರಲ್ಲಿ ನನಗೆ ಗೊತ್ತಿದ್ದ ದೇವರುಗಳ ಹೆಸರೆಲ್ಲ ಮುಗಿದಿತ್ತು. ಆಮೇಲೆ ಕಲ್ಲೊಂದರ ಮೇಲೆ ಕೂತೆ. ಆ ಮನೆಯಲ್ಲಿ ಎಂತ ಆಗುತ್ತಿರಬಹುದು, ಇವಳು ತಲುಪಿದಳೋ ಇಲ್ಲವೋ. ಕಣ್ಣೆದುರಿಗೆ ಆ ಮೊಟ್ಟೆಯಾಕಾರದ ತೂತುಗಳು. ಒಂದು ಉಗುರಿನ ದಪ್ಪದಷ್ಟು ವ್ಯತ್ಯಾಸಕ್ಕೆ ಯಾರದೋ ಜೀವ ತೂಗುತ್ತಿತ್ತು.

ಸಂಜೆಗೆ ಮುಂಚೆಯೇ ಅವಳು ಆ ಮನೆಯ ಯಜಮಾನನ ಜೊತೆ ನಡೆದುಕೊಂಡು ಬಂದಳು. ನಾನು ಎದ್ದು ನಿಂತೆ.

"ಹೆಣ್ಣು ಮಗು," ಎಂದಳು. "ಇಬ್ಬರೂ ಹುಷಾರಿದ್ದಾರೆ. ಇನ್ನು ಸ್ವಲ್ಪ ತಡ ಆಗಿದ್ರೆ ಹೇಳ್ಲಿಕ್ಕಾಗ್ತಿರ್ಲಿಲ್ಲ."

ಇನ್ನೊಂದು ಚಕ್ರದ ನಟ್ಟನ್ನು ಎರವಲು ಪಡೆದು, ಇರುವೆಯ ಜೊತೆ ಪಂತ ಕಟ್ಟಿದವರ ಹಾಗೆ ಊರಿಗೆ ತೆವಳಿ ಬಂದೆವು. ಮನೆಯ ಅಂಗಳದಲ್ಲಿ ಕಾರು ನಿಲ್ಲಿಸಿ, ಸರಿಯಾದ ಚಕ್ರ ಬಾರದೆ ಇದು ಗೇಟು ದಾಟುವುದಿಲ್ಲ ಎಂದು ಸುಗುಣ ತೀರ್ಪು ಕೊಟ್ಟಳು. ಮರುದಿನ ಲಾರೆನ್ಸ ಬಂದು ಕಾರನ್ನು ಮರದ ಕೊರಡುಗಳ ಮೇಲೆ ಕೂರಿಸಿದ. ಆ ತೂತುಗಳಲ್ಲಿ ಬೆರಳಾಡಿಸಿ ನೋಡಿದ. ಆ ದಿನ ಅವನು ಆಗ್ತದೆ ಎನ್ನಲಿಲ್ಲ.

ಸುಗುಣ ಒಳಗಿನಿಂದ ಇಕ್ಕಳದಂಥ ಉಪಕರಣವೊಂದನ್ನು ತಂದಳು. ಬಸುರಿಯರ ಸೊಂಟದ ಎಲುಬಿನ ಅಗಲ ಅಳೆಯುವ ಸಾಧನ ಅದು. ಅದರಿಂದ ಹಳೆಯ ಚಕ್ರದ ತೂತಿನ ದೂರವನ್ನೂ ಹೊಸದರ ದೂರವನ್ನೂ ಅಳೆದಳು. ವ್ಯತ್ಯಾಸ ಕಣ್ಣಿಗೆ ಕಾಣುವಂಥದ್ದಲ್ಲ, ಆದರೆ ಇತ್ತು. ಆಮೇಲೆ ಯಾರೋ ರೋಗಿ ಬಿಟ್ಟುಹೋಗಿದ್ದ ಎದೆಯ ಎಕ್ಸ್‌ರೇ ಫಿಲ್ಮನ್ನು ಕಾರಿನ ಬೋಲ್ಟುಗಳ ಮೇಲೆ ಒತ್ತಿ ಹಿಡಿದು, ಗುರುತು ಬಿದ್ದಲ್ಲಿ ಕತ್ತರಿಯಿಂದ ನಾಲ್ಕು ತೂತು ಮಾಡಿದಳು. ಚಕ್ರದ ಹೊಟ್ಟೆಯ ಆಳದ ಗುರುತಿಗೆ ನನ್ನ ಕೊಡೆಯ ತುದಿಯಲ್ಲಿ ಒಂದು ನೂಲು ಕಟ್ಟಿದಳು. "ನಾಲ್ಕು ತೂತಿನಲ್ಲೂ ಬೆಳಕು ಸರಿಯಾಗಿ ಕಂಡರೆ ಮಾತ್ರ ಮಾತಾಡಿ. ಇಲ್ಲದಿದ್ದರೆ ಮುಂದಿನ ಬಸ್ಸು ಹಿಡಿಯಿರಿ."

ಹೀಗೆ ಎದೆಗೂಡಿನ ಚಿತ್ರವನ್ನು ಕಂಕುಳಲ್ಲಿಟ್ಟುಕೊಂಡು ರಜೆಯಿದ್ದಾಗಲೆಲ್ಲ ನನ್ನ ಯಾತ್ರೆ ಹೊರಟಿತು. ಸುಳ್ಯದ ಗ್ಯಾರೇಜುಗಳ ಹಿತ್ತಲು, ಈಶ್ವರಮಂಗಲದಲ್ಲಿ ಯಾರದೋ ಕೊಟ್ಟಿಗೆಯ ಅಟ್ಟ, ಎಲ್ಲಿ ಹಳೆಯ ಕಾರಿನ ಸುದ್ದಿ ಬಂದರೆ ಅಲ್ಲಿಗೆ. ಒಂದರಲ್ಲಿ ಮೂರು ತೂತಿನಲ್ಲಿ ಬೆಳಕು ಕಂಡಿತು, ನಾಲ್ಕನೆಯದರಲ್ಲಿ ಅರ್ಧ. ಮೊದಲಾಗಿದ್ದರೆ ಸಾಕು ಎನ್ನುತ್ತಿದ್ದೆ. ಹೊಳೆಯ ನೆನಪಾಗಿ ಬಸ್ಸು ಹಿಡಿದೆ.

ಬೆಳ್ಳಾರೆಯ ಕಡೆಯ ಬಸ್ಸಿನಲ್ಲಿ ಒಂದು ದಿನ ನನ್ನ ಪಕ್ಕದಲ್ಲಿ ಒಣಮೀನಿನ ವ್ಯಾಪಾರಿ ಅದ್ರಾಮ ಬ್ಯಾರಿ ಕೂತಿದ್ದರು. ಗುರುತಾದದ್ದು ಆಮೇಲೆ, ಮೊದಲು ಗೊತ್ತಾದದ್ದು ವ್ಯಾಪಾರ ಮಾತ್ರ, ಮೂಗಿನ ಮೂಲಕ. ಅವರು ಫಿಲ್ಮನ್ನು ಬಹಳ ಹೊತ್ತು ನೋಡಿ, ಮರುಕದಿಂದ ತುಳುವಿನಲ್ಲಿ ಮಾತು ತೆಗೆದರು. ನಾನು ಕನ್ನಡದಲ್ಲಿ ಬರೆಯುತ್ತಿದ್ದೇನೆ.

"ಯಾರ ಎದೆ ಇದು? ಮನೆಯವರದ್ದಾ?"

"ಅಲ್ಲ. ಇದು ಕಾರಿನ ಚಕ್ರದ್ದು."

ಅವರು ನನ್ನ ಮುಖವನ್ನು ಇನ್ನೂ ಹೆಚ್ಚಿನ ಮರುಕದಿಂದ ನೋಡಿದರು. ರೋಗ ಎದೆಯದ್ದಲ್ಲ, ಅದಕ್ಕಿಂತ ಮೇಲಿನದ್ದು ಎಂದುಕೊಂಡಿರಬೇಕು. ನಾನು ಮೊದಲಿನಿಂದ ಎಲ್ಲವನ್ನೂ ಹೇಳಿದೆ. ಅವರು ಕೇಳಿ, ಯೋಚಿಸಿ, ತಮ್ಮ ಮೀನಿನ ಕೈಗಾಡಿಗೂ ಕಾರಿನ ನಾಲ್ಕು ಚಕ್ರಗಳೇ ಇರುವುದಾಗಿ ತಿಳಿಸಿದರು. ಸಂಪಾಜೆ ಘಾಟಿಯಲ್ಲಿ ಕೆಟ್ಟುನಿಂತ ಪುಟ್ಟ ಕಾರೊಂದನ್ನು ಅದರ ಯಜಮಾನರು ಇಳಿದು ತಳ್ಳುತ್ತಿದ್ದಾಗ, ಅದು ಕೈತಪ್ಪಿ ತಾನೊಂದೇ ಕಣಿವೆಗೆ ಹೋಗಿ ಅಂಗಾತ ಬಿತ್ತಂತೆ. ಮೇಲ್ಭಾಗವೆಲ್ಲ ಅಪ್ಪಚ್ಚಿ, ಆಕಾಶ ನೋಡುತ್ತಿದ್ದ ಚಕ್ರಗಳಿಗೆ ಏನೂ ಆಗಿರಲಿಲ್ಲ, ಅವನ್ನೇ ಗಾಡಿಗೆ ಹಾಕಿಸಿಕೊಂಡಿದ್ದರಂತೆ.

ಬೆಳ್ಳಾರೆಯಲ್ಲಿ ಅವರ ಮನೆಯಂಗಳದಲ್ಲಿ ಕೈಗಾಡಿಯ ಚಕ್ರವೊಂದನ್ನು ಕಳಚಿ ಫಿಲ್ಮು ಹಿಡಿದೆ. ನಾಲ್ಕು ತೂತಿನಲ್ಲೂ ದುಂಡಗಿನ ಬೆಳಕು. ಕೊಡೆ ಇಳಿಸಿದೆ, ನೂಲು ಬಂದು ಅಂಚಿಗೆ ನಿಂತಿತು. ಬಿರುಕು ಹುಡುಕಿದೆ, ಇರಲಿಲ್ಲ. ನನಗೆ ಕುಣಿಯುವಷ್ಟಾಯಿತು. ಅದ್ರಾಮರಿಗೆ ಹಾಗಾಗಲಿಲ್ಲ.

"ನಿಮ್ಮ ಕಾರಿಗೆ ಕಾಲು ಬಂತು ಮಾಸ್ಟ್ರೆ, ಸಂತೋಷ. ನನ್ನ ಗಾಡಿಯ ಕಾಲು ಹೋದ್ರೆ ನಾನು ಸಂತೆಗೆ ಹೋಗುದು ಹೇಗೆ?"

ಅವರ ಮಾತು ನ್ಯಾಯವಾಗಿತ್ತು. ನಮ್ಮಲ್ಲಿರುವ ನಾಲ್ಕು ಚಕ್ರ ಕೊಡುತ್ತೇನೆ, ಕೈಗಾಡಿಯಲ್ಲಿ ಚಕ್ರ ಕೂರುವ ಗುಂಬವನ್ನು ಕಮ್ಮಾರನಿಂದ ಬೇಕಾದ ಅಳತೆಗೆ ಮಾಡಿಸಿಕೊಡುತ್ತೇನೆ ಎಂದೆ. ನಿಮಗೆ ಕೈಕೊಟ್ಟ ಚಕ್ರ ನನಗೆ ಯಾಕೆ ಎಂದು ಅವರು ಕೇಳಿದ್ದಕ್ಕೆ, ಡಾಕ್ಟ್ರಮ್ಮನಿಗೆ ಹೆರಿಗೆಗೆ ಹೋಗಲು ಕಾರು ಬೇಕಲ್ಲ ಎಂದಷ್ಟೇ ಹೇಳಿದೆ. ಆಗ ಬಾಗಿಲ ಮರೆಯಿಂದ ಅವರ ಹೆಂಡತಿ ಬೀಪಾತುಮ್ಮ, ಇವರು ಯಾವ ಡಾಕ್ಟ್ರಮ್ಮನ ಮನೆಯವರು ಎಂದು ವಿಚಾರಿಸಿದರು. ಹೇಳಿದೆ. ಅವರ ಮಗಳು ಚೊಚ್ಚಲ ಹೆರಿಗೆಗೆಂದು ತವರಿಗೆ ಬಂದಿದ್ದದ್ದು ನನಗೆ ಗೊತ್ತಿರಲಿಲ್ಲ.

"ಚಕ್ರ ಕೊಟ್ಟುಬಿಡಿ," ಎಂದರು ಬೀಪಾತುಮ್ಮ ಗಂಡನಿಗೆ. "ಮೀನನ್ನು ತಲೆಯಲ್ಲಿ ಹೊತ್ತುಕೊಂಡೂ ಹೋಗ್ಲಿಕ್ಕಾಗ್ತದೆ. ಡಾಕ್ಟ್ರಮ್ಮನನ್ನು ಹೊರ್ಲಿಕ್ಕಾಗ್ತದಾ?"

ಅದ್ರಾಮರು ಟೊಪ್ಪಿ ತೆಗೆದು ತಲೆ ಕೆರೆದುಕೊಂಡು, ಉಳಿದ ಚಕ್ರಗಳನ್ನೂ ತಾವೇ ಕಳಚತೊಡಗಿದರು.

ಲಾರೆನ್ಸ ಅವನ್ನು ಒಂದೊಂದಾಗಿ ತಿರುಗಿಸಿ, ಓರೆಯಿಲ್ಲವೆಂದು ನೋಡಿ ಕಾರಿಗೆ ಹಾಕಿದ. ಸುತ್ತಿಗೆಯನ್ನು ಅವನೇ ದೂರ ಇಟ್ಟಿದ್ದ. ಚಕ್ರ ಬೋಲ್ಟುಗಳ ಮೇಲೆ ಸುಮ್ಮನೆ ಹೋಗಿ ಕೂತಿತು. ನಟ್ಟುಗಳು ಬೆರಳಿನಲ್ಲೇ ಕೊನೆಯವರೆಗೆ ತಿರುಗಿದವು. ಸುಗುಣ ಎಡಕ್ಕೊಮ್ಮೆ ಬಲಕ್ಕೊಮ್ಮೆ ತಿರುಗಿಸಿ ನೋಡಿ, ಗೇಟು ದಾಟಿ ಹೋದಳು. ಅದ್ರಾಮರ ಕೈಗಾಡಿಗೆ ಹೊಸ ಗುಂಬ ಮಾಡಿಸಿ ನಮ್ಮ ಚಕ್ರಗಳನ್ನು ಕೂರಿಸಿದ್ದಾಯಿತು. ಕೈಗಾಡಿಗೆ ಹೊಳೆಯ ಬದಿಯಲ್ಲಿ ಓಡುವ ಕಷ್ಟವಿಲ್ಲವಲ್ಲ. ಅದು ನಗುನಗುತ್ತಾ ಒಪ್ಪಿಕೊಂಡಿತು.

ಮಳೆ ಹಿಡಿಯುವ ಮೊದಲು ಬೆಳ್ಳಾರೆಯಿಂದ ಕರೆ ಬಂತು. ನಾನೂ ಹೋದೆ. ಅಂಗಳದಲ್ಲಿ ಅದ್ರಾಮರು ಮತ್ತು ನಾನು ಗಾಡಿಗೆ ಒರಗಿ, ಅವರು ಮಂಗಳೂರಿನ ಮೀನಿನ ಧಾರಣೆ ಹೇಳುತ್ತ, ನಾನು ಹೂಂಗುಟ್ಟುತ್ತ, ಇಬ್ಬರೂ ಬಾಗಿಲ ಕಡೆಗೇ ಕಿವಿಯಿಟ್ಟು ನಿಂತಿದ್ದೆವು. ಮಗುವಿನ ಅಳು ಕೇಳಿದಾಗ ಅವರು ಮಾತನ್ನು ಅರ್ಧದಲ್ಲಿ ಬಿಟ್ಟರು. ಬೀಪಾತುಮ್ಮ ಹೊರಗೆ ಬಂದು, ಗಂಡು, ತಾಯಿ ಚೆನ್ನಾಗಿದ್ದಾಳೆ ಎಂದರು. ಅದ್ರಾಮರು ಹೆಗಲ ಮೇಲಿನ ವಸ್ತ್ರದಿಂದ ಮುಖ ಒರೆಸಿಕೊಂಡರು; ಬಹಳ ಹೊತ್ತು ಒರೆಸಿಕೊಂಡರು.

ಹಿಂತಿರುಗುವಾಗ ಬಿಸಿಲು ಇಳಿದಿತ್ತು. ಸುಮಾರು ದೂರ ಬಂದ ಮೇಲೆ ಸುಗುಣ, ಯಾಕೆ ಮಾತಿಲ್ಲ ಎಂದು ಕೇಳಿದಳು.

"ಚಕ್ರದ ಸದ್ದು ಕೇಳ್ತಾ ಇದ್ದೇನೆ," ಎಂದೆ.

"ಎಂತ ಕೇಳ್ತದೆ?"

"ಎಂತದೂ ಇಲ್ಲ."

ಅವಳು ನಕ್ಕಳು. ಸರಿಯಾಗಿ ಕೂತ ಚಕ್ರದ ಗುಣವೇ ಅದು ಎಂದು ನನಗನ್ನಿಸಿತು. ಅದು ಇದೆಯೆಂಬುದೇ ಮರೆತುಹೋಗಿ, ಮನುಷ್ಯ ಬೇರೆ ವಿಚಾರ ಮಾತಾಡಲು ಶುರುಮಾಡುತ್ತಾನೆ. ನಾವೂ ಶುರುಮಾಡಿದೆವು. ರಾತ್ರಿಗೆ ಅಡುಗೆ ಏನು ಎಂಬಲ್ಲಿಂದ.