ಕಂಪ್ಲಿಯ ಮೈಕಿನ ಮುಂದೆ ಹತ್ತು ಸೆಕೆಂಡು

ಕಬಡ್ಡಿ ನಡೆದಿತ್ತು. ನಾನು ಹತ್ತು ಸೆಕೆಂಡು ಸುಮ್ಮನಾದೆ, ಅಷ್ಟೆ. ಮೈಕ್‌ಸೆಟ್ಟಿನ ಹುಸೇನಪ್ಪ ವೈರು ಹಿಡಿದುಕೊಂಡು ಓಡಿಬಂದ.

"ಮೈಕ್ ಹೋತೇನ್ರಿ ಮೇಡಂ?"

ಮೈಕ್ ಚೆನ್ನಾಗಿಯೇ ಇತ್ತು. ಮೂವತ್ತು ವರ್ಷ ದೆಹಲಿಯಲ್ಲಿ ಟಿವಿಗೆ ಇಂಗ್ಲಿಷಿನಲ್ಲಿ ಹಾಕಿ ಕಾಮೆಂಟರಿ ಕೊಟ್ಟವಳು ನಾನು. ಚಿತ್ರ ಮಾತನಾಡುವಾಗ ನೀನು ಮಾತನಾಡಬೇಡ ಎಂಬುದು ಅಲ್ಲಿ ಕಲಿತ ಮೊದಲ ಪಾಠ. ನನ್ನ ಸೈಲೆನ್ಸ್ ಎಷ್ಟು ಎಲಿಗೆಂಟ್ ಎಂದು ಹೊಗಳಿ ವೀಕ್ಷಕರು ಕಾಗದ ಬರೆಯುತ್ತಿದ್ದರು.

ನಿವೃತ್ತಿಯಾದ ಮೇಲೆ ದೆಹಲಿಯ ಹೊಗೆ ಎದೆಗೆ ಒಗ್ಗಲಿಲ್ಲ. ತಂಗಿಯ ಮಗಳು ಇಲ್ಲಿ ಲೆಕ್ಚರರ್. ಅವಳನ್ನು ನಂಬಿ ಕಂಪ್ಲಿಗೆ ಬಂದು, ರೈಸ್‌ಮಿಲ್ಲಿನ ಶಂಕರಮ್ಮನವರ ಮಹಡಿ ಮನೆ ಹಿಡಿದೆ. ದೆಹಲಿಯ ಪಕ್ಕದ ಫ್ಲ್ಯಾಟಿನವರು ಇಪ್ಪತ್ತು ವರ್ಷ ನನ್ನ ಹೆಸರು ಕೇಳಲಿಲ್ಲ. ಇಲ್ಲಿ ಹಾಲಿನವಳೂ "ನೀವು ಯಾರ ಪೈಕಿರಿ?" ಎನ್ನುತ್ತಾಳೆ. ಯಾರ ಕಡೆಯವರು, ಯಾವ ಬಳಗ ಎಂದು. ನಾನು ಬೆಂಗಳೂರಿನ ಕಾನ್ವೆಂಟಿನ ಕನ್ನಡದಲ್ಲಿ ಹಾಲಿನ ಲೆಕ್ಕ ಕೇಳಿ ಮಾತು ತಿರುಗಿಸುತ್ತಿದ್ದೆ. ಹಾಗಾಗಿ ಊರಿನ ಕಬಡ್ಡಿಗೆ ಕಾಮೆಂಟರಿ ಹೇಳಲು ಕರೆದಾಗ ಕೂಡಲೇ ಒಪ್ಪಿದೆ. ಈ ಊರು ನನ್ನಿಂದ ಏನನ್ನಾದರೂ ಕೇಳಿದ್ದು ಅದೇ ಮೊದಲು.

ಹಾಫ್‌ಟೈಮಿನಲ್ಲಿ ಶಂಕರಮ್ಮ ಜನರನ್ನು ಸರಿಸಿಕೊಂಡು ಬಂದರು.

"ಯಾಕ್ರಿ ಸುಮ್ನಾಗ್ತೀರಿ? ನಮಗ ಗಂಡಸರ ಬೆನ್ನು ಬಿಟ್ರ ಏನೂ ಕಾಣವಲ್ದು. ನಮ್ಮತ್ತಿ ಮಂಡಿನೋವಂತ ಮನ್ಯಾಗ ಕುಂತು ಮೈಕಿನ್ಯಾಗ ಕೇಳಾಕತ್ಯಾರ. ನಮ್ಮ ಬಸವ ರೈಡಿಗೆ ಹೋದ ಅಂತೀರಿ, ಬಾಯಿ ಮುಚ್ಚಿಬಿಡ್ತೀರಿ. ಮೊಮ್ಮಗ ವಾಪಸ್ ಬಂದ್ನೋ ಇಲ್ಲೋ, ಆ ಮುದುಕಿಗೆ ಹೆಂಗ ಗೊತ್ತಾಗಬೇಕು? ಹಿಂಗಾದ್ರ ಸಾಲಿ ಮೇಷ್ಟ್ರಿಗೆ ಮೈಕ್ ಕೊಡ್ತಾರ ನೋಡ್ರಿ. ಅವರು ಆಟ ಬಿಟ್ಟು ಬರೇ ದಾನಿಗಳ ಹೆಸರು ಓದ್ತಾರ."

ಮೇಷ್ಟ್ರು ಆಗಲೇ ಪಟ್ಟಿ ಹಿಡಿದು ನಿಂತಿದ್ದರು.

ದೆಹಲಿಯಲ್ಲಿ ಎಲ್ಲರೆದುರೂ ಚಿತ್ರವಿತ್ತು. ಇಲ್ಲಿ ಚಿತ್ರವೂ ನಾನೇ ಆಗಬೇಕಿತ್ತು. ಸೆಕೆಂಡ್ ಹಾಫ್‌ನಲ್ಲಿ ಉಸಿರು ತೆಗೆದುಕೊಳ್ಳಲೂ ಮಾತು ನಿಲ್ಲಿಸಲಿಲ್ಲ. ಬಸವ ಎಡಕ್ಕೆ ಹೋದ, ಮುಟ್ಟಿದ, ತಿರುಗಿದ, ಕಾಲು ಹಿಡಿದರು, ಎಡಗಾಲು ಮಡಚಿತು, ಕೈ ಚಾಚಿದ, ಬೆರಳು ಗೆರೆ ಮುಟ್ಟಿತು ನೋಡ್ರಿ. ಆ 'ನೋಡ್ರಿ' ತಾನಾಗಿ ಬಂತು.

ಮರುದಿನ ಬೆಳಿಗ್ಗೆ ಕೆಳಗಿಳಿದಾಗ ಶಂಕರಮ್ಮನವರ ಅತ್ತೆ ನನ್ನ ಕೈ ಹಿಡಿದು ಕೂರಿಸಿಕೊಂಡರು. "ಬಿದ್ದಾಗ ಹುಡುಗನ ಎಡಗಾಲು ಮಡಚಿತ್ತಲ್ಲೇನವ್ವ? ಕಂಡೆ ನಾನು."

ಈಗ ಟಿವಿಯಲ್ಲಿ ಹಾಕಿ ಬಂದರೆ, ಟಿವಿಯನ್ನೂ ಕಿವಿಯಿಂದಲೇ ನೋಡುವ ಅವರ ಪಕ್ಕದಲ್ಲೇ ಕೂರುತ್ತೇನೆ. ಮೊನ್ನೆ ನನ್ನ ಜಾಗಕ್ಕೆ ಬಂದಿರುವ ಹುಡುಗಿ ಪೆನಾಲ್ಟಿ ಕಾರ್ನರಿಗೆ ಮುನ್ನ ಮಾತು ನಿಲ್ಲಿಸಿದಳು. ಪರ್ಫೆಕ್ಟ್ ಸೈಲೆನ್ಸ್.

"ಟಿವಿ ಕೆಟ್ಟೈತೇನವ್ವ?" ಎಂದರು ಅಜ್ಜಿ.

ಆ ಮೌನವನ್ನು ಪೂರ್ತಿ ಕೇಳಬೇಕೆಂದು ನನಗೆ ಆಸೆಯಿತ್ತು. ಆದರೆ ಬಾಯಿ ಆಗಲೇ ಆಟ ಹೇಳತೊಡಗಿತ್ತು.